50 ಲಕ್ಷದ ಗೃಹಸಾಲಕ್ಕೆ ಕೊನೆಗೆ ನಿಜವಾಗಿ ಎಷ್ಟು ಕಟ್ಟುತ್ತೇವೆ?

ನಿಮ್ಮ ಪ್ರಶ್ನೆ ಇಷ್ಟು. ಬೆಂಗಳೂರಿನಲ್ಲಿ 65 ಲಕ್ಷದ ಫ್ಲ್ಯಾಟ್ ನೋಡಿದ್ದೀರಿ. 50 ಲಕ್ಷ ಸಾಲ ಬೇಕು, ಬಡ್ಡಿ 8.5 ಪರ್ಸೆಂಟ್. ಈಗ ಇರುವ ಮನೆಗೆ ಬಾಡಿಗೆ 22,000. ಬ್ಯಾಂಕಿನವರು 20 ವರ್ಷಕ್ಕೂ ಕೊಡುತ್ತಾರಂತೆ, 30 ವರ್ಷಕ್ಕೂ ಕೊಡುತ್ತಾರಂತೆ. ಕೊನೆಗೆ ಒಟ್ಟು ಎಷ್ಟು ಬೀಳುತ್ತದೆ, ಯಾವುದನ್ನು ಆರಿಸಲಿ ಎಂದು ಕೇಳಿದ್ದೀರಿ.

ನಾನು ಒಂದು ಬ್ಯಾಂಕಿನ ಗೃಹಸಾಲ ವಿಭಾಗದಲ್ಲಿ ಕೆಲಸ ಮಾಡಿ ನಿವೃತ್ತನಾದವನು. ಟೇಬಲ್ ಮುಂದೆ ಕೂತವರು ಮೊದಲು ಕೇಳುತ್ತಿದ್ದದ್ದು "ತಿಂಗಳಿಗೆ ಎಷ್ಟು ಬರುತ್ತೆ ಸಾರ್?" ಅಂತ. ಆಮೇಲೆ "ಬಡ್ಡಿ ಎಷ್ಟು?" ಅಂತ. "ಹತ್ತು ವರ್ಷ ಆದಮೇಲೆ ಬಾಕಿ ಎಷ್ಟಿರುತ್ತೆ?" ಎಂದು ಕೇಳಿದವರು ತೀರಾ ಕಡಿಮೆ. ಸಾಲದ ನಿಜವಾದ ಬೆಲೆ ತಿಳಿಯುವುದು ಈ ಮೂರನೇ ಪ್ರಶ್ನೆಯಿಂದ. ಹಾಗಾಗಿ ಅಲ್ಲಿಂದಲೇ ಶುರು ಮಾಡುತ್ತೇನೆ.

50 ಲಕ್ಷಕ್ಕೆ 8.5ರಂತೆ 20 ವರ್ಷಕ್ಕೆ ಕಂತು 43,391 ರೂಪಾಯಿ. ಪೂರ್ತಿ ಕಟ್ಟಿದರೆ ಒಟ್ಟು 1 ಕೋಟಿ 4 ಲಕ್ಷ, ಅದರಲ್ಲಿ ಬಡ್ಡಿಯೇ 54 ಲಕ್ಷ. ಈ ಲೆಕ್ಕ ಯಾವ ಮೊಬೈಲಿನಲ್ಲೂ ಸಿಗುತ್ತದೆ. ಆದರೆ ಒಳಗೆ ಏನಾಗುತ್ತದೆ ನೋಡಿ. ಮೊದಲ ತಿಂಗಳ ಕಂತಿನಲ್ಲಿ 35,417 ಬಡ್ಡಿಗೆ ಹೋಗುತ್ತದೆ. ಅಸಲಿಗೆ ಸೇರುವುದು 7,974 ಮಾತ್ರ. ಮೊದಲ ವರ್ಷ 5.2 ಲಕ್ಷ ಕಟ್ಟಿರುತ್ತೀರಿ, ಸಾಲ ಇಳಿದಿರುವುದು 1 ಲಕ್ಷ. ಹತ್ತು ವರ್ಷ ಒಂದು ಕಂತೂ ತಪ್ಪಿಸದೆ 52 ಲಕ್ಷ ಕಟ್ಟಿದ ಮೇಲೂ ಬಾಕಿ 35 ಲಕ್ಷ! ಸಾಲ ಅರ್ಧಕ್ಕೆ, ಅಂದರೆ 25 ಲಕ್ಷಕ್ಕೆ ಇಳಿಯುವುದು ಹದಿನಾಲ್ಕನೇ ವರ್ಷದ ಕೊನೆಗೆ.

ಇದರಲ್ಲಿ ಮೋಸ ಏನೂ ಇಲ್ಲ. ಇರುವ ಬಾಕಿಗೆ ಬಡ್ಡಿ, ಅಷ್ಟೇ. ಮೊದಲು ಬಾಕಿ ಜಾಸ್ತಿ, ಆದ್ದರಿಂದ ಬಡ್ಡಿಯೂ ಜಾಸ್ತಿ. "ಬ್ಯಾಂಕಿನವರು ಮೊದಲು ಬಡ್ಡಿ ಎಲ್ಲ ಕಿತ್ಕೊಂಡು ಆಮೇಲೆ ಅಸಲು ಮುಟ್ತಾರೆ" ಎಂದು ಬಹಳ ಜನ ಬೈಯುತ್ತಾರೆ. ಹಾಗಲ್ಲ, ಕಂತು ಸಮವಾಗಿರಲಿ ಎಂದು ಲೆಕ್ಕ ಹಾಕಿದರೆ ಹೀಗೇ ಬರುತ್ತದೆ.

ಈಗ 30 ವರ್ಷದ ಲೆಕ್ಕಕ್ಕೆ ಬನ್ನಿ. ಕಂತು 38,446. ತಿಂಗಳಿಗೆ ಐದು ಸಾವಿರ ಕಡಿಮೆ, ಕೇಳಲು ಚೆನ್ನಾಗಿದೆ. ಆದರೆ ಮೊದಲ ಕಂತಿನಲ್ಲಿ ಅಸಲಿಗೆ ಹೋಗುವುದು ಮೂರು ಸಾವಿರ ಚಿಲ್ಲರೆ. ಹತ್ತು ವರ್ಷ 46 ಲಕ್ಷ ಕಟ್ಟಿದ ಮೇಲೆ ಬಾಕಿ 44 ಲಕ್ಷಕ್ಕೂ ಮೇಲೆ. ಒಟ್ಟು ಬಡ್ಡಿ 88 ಲಕ್ಷ. ತಿಂಗಳಿಗೆ ಐದು ಸಾವಿರ ಉಳಿಸಿದ್ದಕ್ಕೆ 34 ಲಕ್ಷ ಹೆಚ್ಚು ಬಡ್ಡಿ. ಇನ್ನೊಂದು ದಿಕ್ಕಿಗೆ ಹೋದರೆ, 15 ವರ್ಷಕ್ಕೆ ಕಂತು 49,237, ಬಡ್ಡಿ 38.6 ಲಕ್ಷ. ಕಾಲು ಪರ್ಸೆಂಟಿಗಾಗಿ ನಾಲ್ಕು ಬ್ಯಾಂಕ್ ಅಲೆಯುವವರು ಅವಧಿಯ ಕಾಲಂನಲ್ಲಿ ಸುಮ್ನೆ 30 ಎಂದು ಬರೆದು ಸಹಿ ಹಾಕುವುದನ್ನು ನಾನು ಕಣ್ಣಾರೆ ನೋಡಿದ್ದೇನೆ.

"30 ವರ್ಷಕ್ಕೆ ತಗೊಂಡು ಮಧ್ಯೆ ಮಧ್ಯೆ ಜಾಸ್ತಿ ಕಟ್ಟಿದರಾಯ್ತು" ಅನ್ನುವ ವಾದ ಇದೆ. ಲೆಕ್ಕದಲ್ಲಿ ಅದು ಸರಿ. ಕೆಲಸದ ಭದ್ರತೆ ಕಡಿಮೆ ಇರುವವರಿಗೆ ಜಾಣತನವೂ ಹೌದು. ಆದರೆ ಮಕ್ಕಳ ಫೀಸು, ಕಾರು, ಊರಿನ ಮನೆಯ ರಿಪೇರಿ ಎಂದು ಆ ಐದು ಸಾವಿರ ಎಲ್ಲೋ ಹೋಗಿಬಿಡುತ್ತದೆ. 43 ಸಾವಿರ ನಿಮ್ಮ ಕೈಗೆ ಎಟುಕುವುದಾದರೆ 20 ವರ್ಷಕ್ಕೇ ತೆಗೆದುಕೊಳ್ಳಿ.

ಇಷ್ಟೂ ಲೆಕ್ಕ ಬಡ್ಡಿ 8.5ರಲ್ಲೇ ನಿಂತಿರುತ್ತದೆ ಎಂದು ಹಾಕಿದ್ದು. ಅದು ನಿಲ್ಲುವುದಿಲ್ಲ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಗೃಹಸಾಲಗಳು, ಅಂದರೆ ಬಡ್ಡಿ ಏರಿಳಿಯುವ ಸಾಲಗಳು, ಹೊರಗಿನ ಒಂದು ದರಕ್ಕೆ ಅಂಟಿಕೊಂಡಿರಬೇಕು. ಹೆಚ್ಚಿನ ಬ್ಯಾಂಕುಗಳಲ್ಲಿ ಅದು ರೆಪೊ ದರ, ಅಂದರೆ ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸಾಲ ಕೊಡುವ ದರ. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ 4ರಿಂದ 6.5ಕ್ಕೆ ಏರಿತು. ಹತ್ತು ತಿಂಗಳಲ್ಲಿ ಎರಡೂವರೆ ಪರ್ಸೆಂಟ್!

ಆಗ ಏನಾಯಿತು ಗೊತ್ತಾ? 2021ರ ಕೊನೆಗೆ 7 ಪರ್ಸೆಂಟಿಗೆ 20 ವರ್ಷಕ್ಕೆ 50 ಲಕ್ಷ ತೆಗೆದುಕೊಂಡವರ ಕಂತು 38,765. ದರ 9.5 ಮುಟ್ಟಿದಾಗ ಅವರ ಬಾಕಿ 49 ಲಕ್ಷದ ಆಸುಪಾಸು. 49 ಲಕ್ಷಕ್ಕೆ 9.5ರಂತೆ ಒಂದು ತಿಂಗಳ ಬಡ್ಡಿಯೇ 38,792. ಕಂತು ಬಡ್ಡಿಗೂ ಸಾಲಲಿಲ್ಲ. ತಿಂಗಳು ತಿಂಗಳೂ ಕಟ್ಟುತ್ತಿದ್ದರೂ ಸಾಲ ಬೆಳೆಯುವ ಸ್ಥಿತಿ. ಕಂತು ಬದಲಾಗದ್ದರಿಂದ ಎಷ್ಟೋ ಜನರಿಗೆ ಇದು ಗೊತ್ತೇ ಆಗಲಿಲ್ಲ. ಬ್ಯಾಂಕು ಸದ್ದಿಲ್ಲದೆ ಅವಧಿ ಎಳೆಯುತ್ತಾ ಹೋಯಿತು. ನಿವೃತ್ತಿಗೆ ಮುಂಚೆ ಸಾಲ ಮುಗಿಯುತ್ತೆ ಎಂದುಕೊಂಡವರ ಸ್ಟೇಟ್‌ಮೆಂಟಿನಲ್ಲಿ ಕೊನೆಯ ಕಂತಿನ ದಿನಾಂಕ ಅವರ ಎಪ್ಪತ್ತನೇ ವಯಸ್ಸಿಗೆ ಹೋಗಿ ಕೂತಿತ್ತು.

ಇದರ ಮೇಲೆ ದೂರುಗಳು ಬಂದ ಮೇಲೆ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ನಿಯಮ ತಂದಿತು. ದರ ಬದಲಾದಾಗ ಬ್ಯಾಂಕು ನಿಮಗೆ ತಿಳಿಸಬೇಕು. ಕಂತು ಏರಿಸುವುದೋ, ಅವಧಿ ಎಳೆಯುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಎಂದು ಆರಿಸಿಕೊಳ್ಳುವ ಹಕ್ಕು ನಿಮ್ಮದು. ಮೂರು ತಿಂಗಳಿಗೊಮ್ಮೆ ಕೊಡುವ ಸ್ಟೇಟ್‌ಮೆಂಟಿನಲ್ಲಿ ಈವರೆಗೆ ಎಷ್ಟು ಅಸಲು, ಎಷ್ಟು ಬಡ್ಡಿ ಹೋಯಿತು, ಇನ್ನೆಷ್ಟು ಕಂತು ಉಳಿದಿದೆ ಎಂದು ಇರಬೇಕು. ಅದು ಬಂದಾಗ "ಉಳಿದ ಕಂತುಗಳು" ಎಂಬ ಒಂದು ಸಾಲು ನೋಡಿ ಸಾಕು. ಮೂರು ತಿಂಗಳಲ್ಲಿ ಅದು ಮೂರು ಕಡಿಮೆಯಾಗಿದೆಯಾ? ಆಗಿಲ್ಲ ಅಂದರೆ ಬ್ರಾಂಚಿಗೆ ಹೋಗಿ ಕೇಳಿ.

2025ರಲ್ಲಿ ಫೆಬ್ರವರಿ, ಏಪ್ರಿಲ್, ಜೂನ್, ಡಿಸೆಂಬರ್‌ನಲ್ಲಿ ರೆಪೊ ಇಳಿದು 5.25ಕ್ಕೆ ಬಂತು. ಇಳಿದಾಗ "ಕಂತು ಕಡಿಮೆ ಮಾಡಿ ಸಾರ್" ಎಂದು ಓಡಿ ಬರುತ್ತಾರೆ. ಬೇಡ. ಕಂತು ಹಾಗೇ ಇರಲಿ, ವರ್ಷ ಕಡಿಮೆಯಾಗಲಿ.

ಇನ್ನೊಂದು ಸೂಕ್ಷ್ಮ ಇದೆ. ನಿಮ್ಮ ದರ ಅಂದರೆ ರೆಪೊ ಮತ್ತು ಅದರ ಮೇಲೆ ಬ್ಯಾಂಕು ಸೇರಿಸುವ ಸ್ಪ್ರೆಡ್. ಹೊಸ ಗಿರಾಕಿಗಳನ್ನು ಸೆಳೆಯಲು ಸ್ಪ್ರೆಡ್ ಇಳಿಸುತ್ತಾರೆ. ಹಳಬರದ್ದು ಹಾಗೇ ಉಳಿಯುತ್ತದೆ. ಎರಡು ವರ್ಷಕ್ಕೊಮ್ಮೆಯಾದರೂ ಹೊಸಬರಿಗೆ ಎಷ್ಟಕ್ಕೆ ಕೊಡುತ್ತಿದ್ದಾರೆ ಎಂದು ವಿಚಾರಿಸಿ. ವ್ಯತ್ಯಾಸ ಇದ್ದರೆ ಅದೇ ಬ್ಯಾಂಕಿನಲ್ಲೇ ಸಣ್ಣ ಶುಲ್ಕ ಕಟ್ಟಿ ಬದಲಿಸಿಕೊಳ್ಳಬಹುದು. 44 ಲಕ್ಷ ಬಾಕಿ, 15 ವರ್ಷ ಉಳಿದಿರುವಾಗ 9ರಿಂದ 8.5ಕ್ಕೆ ಇಳಿದರೆ ಸುಮಾರು 2.3 ಲಕ್ಷ ಉಳಿಯುತ್ತದೆ. ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸುವುದಾದರೆ ಮಾತ್ರ ಹೊಸ ಪ್ರೊಸೆಸಿಂಗ್ ಫೀ, ಲೀಗಲ್ ಒಪಿನಿಯನ್, ಪತ್ರಗಳ ಅಡಮಾನದ ಮೇಲೆ ಮತ್ತೆ ಮುದ್ರಾಂಕ ಶುಲ್ಕ ಎಲ್ಲ ಕೂಡಿಸಿ ನೋಡಿ.

ಬಡ್ಡಿಯ ಹೊರಗಿನ ಖರ್ಚು ಬೇರೆ. 65 ಲಕ್ಷದ ಆಸ್ತಿಗೆ ಬ್ಯಾಂಕು ಹೆಚ್ಚೆಂದರೆ ಬೆಲೆಯ 80 ಪರ್ಸೆಂಟ್ ಕೊಡುತ್ತದೆ. ನೋಂದಣಿ ಖರ್ಚು ಆ ಬೆಲೆಯಲ್ಲಿ ಸೇರುವುದಿಲ್ಲ, ಅದು ಪೂರ್ತಿ ನಿಮ್ಮ ಕೈಯಿಂದ. ಬೆಂಗಳೂರಿನಲ್ಲಿ 45 ಲಕ್ಷದ ಮೇಲಿನ ಮನೆಗೆ ಮುದ್ರಾಂಕ ಶುಲ್ಕ ಸೆಸ್, ಸರ್‌ಚಾರ್ಜ್ ಸೇರಿ 5.6 ಪರ್ಸೆಂಟ್. ನೋಂದಣಿ ಶುಲ್ಕ 1 ಪರ್ಸೆಂಟ್ ಇದ್ದದ್ದು 2025ರ ಆಗಸ್ಟ್ 31ರಿಂದ 2 ಆಯಿತು. ಒಟ್ಟು 7.6. ನಿಮ್ಮ ಫ್ಲ್ಯಾಟಿಗೆ ಹತ್ತಿರ ಹತ್ತಿರ 5 ಲಕ್ಷ. ಕಟ್ಟಡ ಇನ್ನೂ ಮುಗಿದಿಲ್ಲದಿದ್ದರೆ 5 ಪರ್ಸೆಂಟ್ ಜಿಎಸ್‌ಟಿ, ಅಂದರೆ ಇನ್ನೂ 3.25 ಲಕ್ಷ. ಮುಂಗಡದ 15 ಲಕ್ಷ ಹೊಂದಿಸಿದರೆ ಆಯಿತು ಎಂದುಕೊಂಡವರು ಇಲ್ಲಿ ಪರ್ಸನಲ್ ಲೋನ್ ಮಾಡಿಕೊಳ್ಳುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ.

ಕಟ್ಟುತ್ತಿರುವ ಫ್ಲ್ಯಾಟ್ ಆದರೆ ಪ್ರೀ-ಇಎಂಐ ಎಂಬ ಇನ್ನೊಂದು ಸಂಗತಿ ಇದೆ. ಬ್ಯಾಂಕು ಹಂತ ಹಂತವಾಗಿ ಹಣ ಬಿಡುತ್ತದೆ, ಪೂರ್ತಿ ಬಿಡುವವರೆಗೆ ನೀವು ಬಡ್ಡಿ ಮಾತ್ರ ಕಟ್ಟುತ್ತೀರಿ. ಸರಾಸರಿ 30 ಲಕ್ಷ ಬಿಟ್ಟಿದ್ದಾರೆ ಎಂದಿಟ್ಟುಕೊಳ್ಳಿ. ತಿಂಗಳಿಗೆ 21,250. ಎರಡು ವರ್ಷಕ್ಕೆ 5 ಲಕ್ಷ ದಾಟುತ್ತದೆ. ಅಸಲು ಒಂದು ರೂಪಾಯಿಯೂ ಇಳಿದಿರುವುದಿಲ್ಲ, ಮೇಲೆ ಬಾಡಿಗೆ ಮನೆಯ ಬಾಡಿಗೆ ಬೇರೆ. ಈ 5 ಲಕ್ಷ ಮೇಲಿನ 54 ಲಕ್ಷದಲ್ಲಿ ಸೇರಿಲ್ಲ. ಬಿಲ್ಡರ್ ತಡ ಮಾಡಿದಷ್ಟೂ ಇದು ಬೆಳೆಯುತ್ತದೆ.

ಸಾಲದ ಜೊತೆ ಇನ್ಶೂರೆನ್ಸ್ ಹಚ್ಚುವುದೂ ಇದೆ. ಪ್ರೀಮಿಯಂ ಒಂದೂವರೆ ಲಕ್ಷ, ಅದನ್ನೂ ಸಾಲಕ್ಕೇ ಸೇರಿಸುತ್ತೇವೆ, ಕಂತು ಸ್ವಲ್ಪ ಜಾಸ್ತಿ ಅಷ್ಟೇ ಎನ್ನುತ್ತಾರೆ. 20 ವರ್ಷ ಬಡ್ಡಿ ಸೇರಿ ಅದು 3 ಲಕ್ಷದ 12 ಸಾವಿರ ಆಗುತ್ತದೆ. ಮನೆ ನಡೆಸುವವರಿಗೆ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಬೇರೆಯಾಗಿ ಒಂದು ಟರ್ಮ್ ಪಾಲಿಸಿ (ಜೀವಕ್ಕೆ ಮಾತ್ರ ರಕ್ಷಣೆ ಕೊಡುವ ವಿಮೆ) ತೆಗೆದುಕೊಂಡು ವರ್ಷ ವರ್ಷ ಕಟ್ಟಿ. ಪ್ರೊಸೆಸಿಂಗ್ ಫೀ, ವಿಮೆ ಇತ್ಯಾದಿ ಎಲ್ಲ ಸೇರಿಸಿದ ನಿಜವಾದ ವಾರ್ಷಿಕ ದರ ಎಷ್ಟು ಎಂದು ತಿಳಿಯಲು ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಕೇಳಿ. 2024ರ ಅಕ್ಟೋಬರ್‌ನಿಂದ ಅದನ್ನು ಸಹಿಗೆ ಮೊದಲೇ ಕೊಡುವುದು ಕಡ್ಡಾಯ. ಜಾಹೀರಾತಿನ ದರ ಬಿಡಿ, ಆ ಸ್ಟೇಟ್‌ಮೆಂಟಿನಲ್ಲಿ ಎಪಿಆರ್ ಎಂದು ಬರೆದಿರುವ ಈ ವಾರ್ಷಿಕ ದರ ಹೋಲಿಸಿ.

ತೆರಿಗೆ ಉಳಿತಾಯ ಎಂದು ಯಾರಾದರೂ ಹೇಳಿದರೆ ಮೊದಲು ನಿಮ್ಮದು ಹಳೆ ಪದ್ಧತಿಯೋ ಹೊಸದೋ ನೋಡಿಕೊಳ್ಳಿ. ನೀವೇ ವಾಸ ಮಾಡುವ ಮನೆಯ ಬಡ್ಡಿಗೆ ಹೊಸ ಪದ್ಧತಿಯಲ್ಲಿ ವಿನಾಯಿತಿ ಇಲ್ಲ. ಹಳೆಯದರಲ್ಲೂ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ. ನಿಮ್ಮ ಮೊದಲ ವರ್ಷದ ಬಡ್ಡಿ 4.2 ಲಕ್ಷ.

ಇಷ್ಟು ಕೇಳಿ ಹೆದರಬೇಡಿ. 1 ಕೋಟಿ 4 ಲಕ್ಷ ಎಂಬುದು ಇವತ್ತಿನ ಕೋಟಿ ಅಲ್ಲ. ಬೆಲೆ ಏರಿಕೆ ವರ್ಷಕ್ಕೆ 5 ಪರ್ಸೆಂಟ್ ಎಂದು ಹಿಡಿದರೆ 20ನೇ ವರ್ಷದ 43,391 ಇವತ್ತಿನ 16 ಸಾವಿರಕ್ಕೆ ಸಮ. ಬಾಡಿಗೆ ಮಾತ್ರ ವರ್ಷ ವರ್ಷ ಏರುತ್ತಲೇ ಇರುತ್ತದೆ. ಹಾಗೆಂದು "ಬಾಡಿಗೆ ಸುಮ್ನೆ ವೇಸ್ಟ್" ಎನ್ನುವ ಮಾತನ್ನೂ ನಾನು ಒಪ್ಪುವುದಿಲ್ಲ. ನಿಮ್ಮ ಬಾಡಿಗೆ 22,000. ಮೊದಲ ತಿಂಗಳ ಬಡ್ಡಿ 35,417. ಮೇಂಟೆನೆನ್ಸ್ ಚದರಡಿಗೆ 4 ರೂಪಾಯಿ ಎಂದರೂ 1,200 ಚದರಡಿಗೆ 4,800. ಆಸ್ತಿ ತೆರಿಗೆ ಬೇರೆ. ಬಾಡಿಗೆ ವಾಪಸ್ ಬರುವುದಿಲ್ಲ ನಿಜ, ಇವೂ ವಾಪಸ್ ಬರುವುದಿಲ್ಲ ಅಲ್ವಾ? ಹತ್ತು ವರ್ಷಕ್ಕಿಂತ ಹೆಚ್ಚು ಅಲ್ಲೇ ಇರುವ ಖಾತ್ರಿ ಇದ್ದರೆ ಕೊಳ್ಳಿ. ಮೂರು ವರ್ಷಕ್ಕೆ ಹೈದರಾಬಾದಿಗೋ ಪುಣೆಗೋ ವರ್ಗ ಆಗುವ ಕೆಲಸವಾದರೆ ಬಾಡಿಗೆಯೇ ಅಗ್ಗ. ನೋಂದಣಿಗೆ ಹಾಕಿದ 5 ಲಕ್ಷ ಮಾರುವಾಗ ಯಾರೂ ಕೊಡುವುದಿಲ್ಲ.

ಸಾಲ ತೆಗೆದುಕೊಂಡ ಮೇಲೆ ಅದರ ಬೆಲೆ ಇಳಿಸುವ ದೊಡ್ಡ ದಾರಿ, ಬೇಗ ಅಸಲು ಕಡಿಮೆ ಮಾಡುವುದು. ವ್ಯಕ್ತಿಗಳ ಫ್ಲೋಟಿಂಗ್ ಗೃಹಸಾಲವನ್ನು ಮೊದಲೇ ತೀರಿಸಿದರೆ ಬ್ಯಾಂಕು ದಂಡ ಹಾಕುವಂತಿಲ್ಲ. ರಿಸರ್ವ್ ಬ್ಯಾಂಕ್ 2012ರಲ್ಲೇ ಅದನ್ನು ತೆಗೆದುಹಾಕಿದೆ. ವರ್ಷಕ್ಕೆ ಒಂದು ಕಂತು ಹೆಚ್ಚಿಗೆ ಕಟ್ಟಿದರೆ, ಬೋನಸ್ಸಿನಲ್ಲೋ ಮತ್ತೊಂದರಲ್ಲೋ, 20 ವರ್ಷದ ಸಾಲ ಮೂರು ವರ್ಷಕ್ಕೂ ಹೆಚ್ಚು ಮುಂಚಿತವಾಗಿ ಮುಗಿಯುತ್ತದೆ. 10 ಲಕ್ಷ ಚಿಲ್ಲರೆ ಬಡ್ಡಿ ಉಳಿಯುತ್ತದೆ. ಸಂಬಳ ಏರಿದಂತೆ ಕಂತನ್ನೂ ವರ್ಷಕ್ಕೆ 5 ಪರ್ಸೆಂಟ್ ಏರಿಸುತ್ತಾ ಹೋದರೆ 20 ವರ್ಷದ ಸಾಲ 12 ವರ್ಷದ ಮೇಲೆ ಒಂದೆರಡು ತಿಂಗಳಲ್ಲಿ ತೀರುತ್ತದೆ. ಬಡ್ಡಿ 54ರ ಬದಲು 35 ಲಕ್ಷದೊಳಗೆ. ಆರು ತಿಂಗಳ ಮನೆ ಖರ್ಚು ಪಕ್ಕಕ್ಕೆ ಇಟ್ಟುಕೊಂಡು ಇದನ್ನು ಮಾಡಿ. ಪ್ರತಿ ಸಲ ಹೆಚ್ಚಿಗೆ ಕಟ್ಟುವಾಗ "ಅವಧಿ ಕಡಿಮೆ ಮಾಡಿ, ಕಂತು ಹಾಗೇ ಇರಲಿ" ಎಂದು ಬರೆದುಕೊಡಿ. ಬಾಯಿಮಾತಿಗೆ ಬಿಡಬೇಡಿ.

ಸಾಲ ತೀರಿದ ದಿನ ಕೆಲಸ ಮುಗಿಯುವುದಿಲ್ಲ. ಮೂಲ ಪತ್ರಗಳನ್ನು 30 ದಿನದೊಳಗೆ ಬ್ಯಾಂಕು ವಾಪಸ್ ಕೊಡಬೇಕು. ಅವರಿಂದಲೇ ತಡವಾದರೆ ದಿನಕ್ಕೆ 5,000 ರೂಪಾಯಿ ನಿಮಗೆ ಕೊಡಬೇಕು, 2023ರ ಡಿಸೆಂಬರ್‌ನಿಂದ ಈ ನಿಯಮ ಇದೆ. ಆಮೇಲೆ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡಮಾನ ತೀರಿದ್ದನ್ನು ನೋಂದಾಯಿಸಿ, ಹೊಸ ಇಸಿ (ಋಣಭಾರ ಪ್ರಮಾಣಪತ್ರ) ತೆಗೆಸಿ, ಅದರಲ್ಲಿ ಬ್ಯಾಂಕಿನ ಋಣ ತೀರಿದ್ದು ಬಂದಿದೆಯಾ ಎಂದು ನೋಡಿಕೊಳ್ಳಿ.

ನಿಮ್ಮ ಫ್ಲ್ಯಾಟ್ ರೆಡಿ ಇದೆಯೋ, ಇನ್ನೂ ಕಟ್ಟುತ್ತಿದ್ದಾರೋ ಬರೆಯಲಿಲ್ಲ. ತಿಳಿಸಿದರೆ ಪ್ರೀ-ಇಎಂಐ ಸೇರಿಸಿ ನಿಮ್ಮದೇ ಲೆಕ್ಕ ಹಾಕಿಕೊಡುತ್ತೇನೆ.