ಹುಡುಗರ ಮುಷ್ಕರದಿಂದ ಏನಾಯಿತು?

ಕಾರವಾರದ ಓದುಗರೊಬ್ಬರು ಕೇಳಿದ್ದಾರೆ: "ಪೋರ್ಚುಗಲ್‌ನ ಸರ್ವಾಧಿಕಾರ ಉರುಳಿಸಿದ್ದು 1974ರ ಏಪ್ರಿಲ್ 25ರಂದು ಸೇನೆಯ ಕ್ಯಾಪ್ಟನ್‌ಗಳು. ನಿಮ್ಮ ಲೇಖನದಲ್ಲಿ ಕಾಲೇಜು ಹುಡುಗರಿಗೆ ಅಷ್ಟೊಂದು ಜಾಗ ಯಾಕೆ? ಅವರ ಮುಷ್ಕರದಿಂದ ಏನಾಯಿತು?"

ಸಂಪಾದಕರ ಉತ್ತರ:

ಲಿಸ್ಬನ್ ಬೀದಿಗೆ ಟ್ಯಾಂಕ್ ತಂದವರು ಸೈನಿಕರೇ, ಒಪ್ಪೋಣ. ಆದರೆ ಆ ಕ್ಯಾಪ್ಟನ್‌ಗಳು ಒಗ್ಗೂಡಿದ್ದು 1973ರಲ್ಲಿ. ಅದೂ ಮೊದಮೊದಲು ತಮ್ಮ ಬಡ್ತಿಯ ತಕರಾರಿಗಾಗಿ. ಹುಡುಗರು ಅದಕ್ಕಿಂತ ಎಷ್ಟೋ ವರ್ಷ ಮೊದಲೇ ಬೀದಿಗಿಳಿದಿದ್ದರು.

ಗೋವಾ ಕೈತಪ್ಪಿದ 1961ರಲ್ಲೇ ಆಫ್ರಿಕಾದಲ್ಲಿ ಪೋರ್ಚುಗೀಸರ ವಸಾಹತಾಗಿದ್ದ ಅಂಗೋಲಾದಲ್ಲಿ ಸ್ವಾತಂತ್ರ್ಯಕ್ಕಾಗಿ ಯುದ್ಧ ಶುರುವಾಯಿತು. ಆಮೇಲೆ ಅವರದೇ ವಸಾಹತುಗಳಾದ ಗಿನಿ (ಈಗಿನ ಗಿನಿ-ಬಿಸ್ಸಾವ್), ಮೊಜಾಂಬಿಕ್. ಗೋವಾ ಬಿಡಲೊಲ್ಲದ ಸರ್ವಾಧಿಕಾರಿ ಸಲಜಾರ್ ಆಫ್ರಿಕಾವನ್ನೂ ಬಿಡಲಿಲ್ಲ. 1968ರಲ್ಲಿ ಅವರ ಜಾಗಕ್ಕೆ ಬಂದ ಕಯೆತಾನು ಕೂಡ ಅದೇ ಹಟ ಹಿಡಿದರು. ಓದು ಮುಗಿಸಿದ ಹುಡುಗ ಯುದ್ಧಕ್ಕೆ ಹೋಗಬೇಕು, ಇಲ್ಲವೇ ಕದ್ದು ಗಡಿ ದಾಟಿ ಫ್ರಾನ್ಸ್ ಸೇರಬೇಕು.

1969ರ ಏಪ್ರಿಲ್ 17. ಕೊಯಿಂಬ್ರಾ ವಿಶ್ವವಿದ್ಯಾಲಯದಲ್ಲಿ ಗಣಿತ ವಿಭಾಗದ ಕಟ್ಟಡದ ಉದ್ಘಾಟನೆ. ದೇಶದ ಅಧ್ಯಕ್ಷ ಅಮೆರಿಕು ತೊಮಾಸ್ ಬಂದಿದ್ದರು. ವಿದ್ಯಾರ್ಥಿ ಸಂಘದ ಅಧ್ಯಕ್ಷ ಅಲ್ಬೆರ್ತು ಮಾರ್ತಿನ್ಸ್ ಎದ್ದು ನಿಂತು, ವಿದ್ಯಾರ್ಥಿಗಳ ಪರವಾಗಿ ಮಾತಾಡಲು ಅನುಮತಿ ಕೇಳಿದರು. ಕೇಳಿದ್ದು ಅಷ್ಟೇ. ಅವಕಾಶ ಸಿಗಲಿಲ್ಲ. ರಾತ್ರಿ ಅವರ ಬಂಧನವಾಯಿತು. ಹುಡುಗರು ತರಗತಿ ಬಿಟ್ಟರು, ಜೂನ್‌ನಲ್ಲಿ ಪರೀಕ್ಷೆಯನ್ನೂ ಬಿಟ್ಟರು. ಊರಿನವರಿಗೆ ಬೀದಿಯಲ್ಲಿ ಹೂವು ಹಂಚಿ ತಮ್ಮ ಮಾತು ಹೇಳಿದರು. ಆ ತಿಂಗಳು ಅವರ ಫುಟ್‌ಬಾಲ್ ತಂಡ ಅಕಾದೆಮಿಕಾ ಪೋರ್ಚುಗಲ್ ಕಪ್ ಫೈನಲ್ ತಲುಪಿತ್ತು. ಲಿಸ್ಬನ್ ಬಳಿಯ ಸ್ಟೇಡಿಯಂ ತುಂಬ ಪ್ರತಿಭಟನೆಯ ಬ್ಯಾನರ್‌ಗಳು. ಬೆನ್ಫಿಕಾ 2-1ರಿಂದ ಗೆದ್ದಿತು. ಆದರೆ ಸರ್ಕಾರ ಆ ಪಂದ್ಯವನ್ನು ಟಿವಿಯಲ್ಲಿ ತೋರಿಸಲೇ ಇಲ್ಲ. ಬ್ಯಾನರ್ ಕಂಡರೂ ಹೆದರುವ ಸರ್ಕಾರ ಅದು!

ಇನ್ನು ಶಿಕ್ಷೆ. 49 ವಿದ್ಯಾರ್ಥಿಗಳನ್ನು ಒತ್ತಾಯದಿಂದ ಸೇನೆಗೆ ಸೇರಿಸಿದರು. ನಿಮ್ಮ ಪ್ರಶ್ನೆಗೆ ನನ್ನ ಉತ್ತರ ಇರುವುದು ಇಲ್ಲೇ. ಯುದ್ಧ ಬೆಳೆದಂತೆ ಅಧಿಕಾರಿಗಳ ಕೊರತೆ ಜಾಸ್ತಿಯಾಯಿತು. ಓದಿದ ಹುಡುಗರಿಗೆ ಸಮವಸ್ತ್ರ ತೊಡಿಸಿ ಪಡೆ ನಡೆಸಲು ಹಚ್ಚಿದರು. ಕ್ಯಾಂಪಸ್ಸಿನ ಮಾತು ಬ್ಯಾರಕ್ ಸೇರಿತು. ಸೇರಿಸಿದ್ದು ಸರ್ಕಾರವೇ ಅಲ್ವಾ?

ಎಲ್ಲರೂ ಉಳಿದು ಏಪ್ರಿಲ್ 25 ನೋಡಲಿಲ್ಲ. 1972ರ ಅಕ್ಟೋಬರ್ 12ರಂದು ಲಿಸ್ಬನ್‌ನ ಅರ್ಥಶಾಸ್ತ್ರ ಸಂಸ್ಥೆಯಲ್ಲಿ ಸಭೆಗೆ ಬಂದಿದ್ದ ಕಾನೂನು ವಿದ್ಯಾರ್ಥಿ ರಿಬೈರು ಸಾಂತುಸ್ ಅವರನ್ನು ರಾಜಕೀಯ ಪೊಲೀಸರು ಗುಂಡಿಟ್ಟು ಕೊಂದರು. ಇಂಥವರಿಗೆ ನಾಲ್ಕು ಪುಟ ಕೊಟ್ಟದ್ದು ಹೆಚ್ಚಾಯಿತೆಂದು ನನಗೆ ಅನ್ನಿಸುವುದಿಲ್ಲ.

ನಮ್ಮ ಲೇಖನದಲ್ಲಿ ಜಾಗ ಸಾಲದೆ ಬಿಟ್ಟದ್ದು ಆಫ್ರಿಕಾದಿಂದಲೇ ಓದಲು ಬಂದವರ ಕತೆ. ಮುಂದೆ ಗಿನಿಯ ಸ್ವಾತಂತ್ರ್ಯ ಹೋರಾಟ ನಡೆಸಿದ ಅಮಿಲ್ಕಾರ್ ಕಬ್ರಾಲ್, ಅಂಗೋಲಾದ ಮೊದಲ ಅಧ್ಯಕ್ಷರಾದ ಅಗಸ್ಟಿನೊ ನೆಟೊ ಲಿಸ್ಬನ್‌ನಲ್ಲಿ ಒಂದೇ ವಿದ್ಯಾರ್ಥಿ ಕೇಂದ್ರದಲ್ಲಿ ಕಲೆಯುತ್ತಿದ್ದರು. 1965ರಲ್ಲಿ ಪೊಲೀಸರು ಅದನ್ನು ಮುಚ್ಚಿಸಿದರು. ಮುಂದಿನ ಸಂಚಿಕೆಯಲ್ಲಿ ಅದರ ಬಗ್ಗೆ ಬರೆಯುತ್ತೇವೆ.