ಪಾದೂರಿನ ಗುಹೆಯೂ ನಿಮ್ಮ ತೋಟದ ಪಂಪೂ

ಕಾಪು ತಾಲೂಕಿನ ಓದುಗರೊಬ್ಬರು ನಾಲ್ಕು ಪುಟಗಳ ಪತ್ರ ಬರೆದಿದ್ದಾರೆ. ತೈಲ ಸಾಗಿಸುವ ಹಡಗುಗಳ ಎಂಜಿನ್ ಕೋಣೆಯಲ್ಲಿ ಇಪ್ಪತ್ತೆಂಟು ವರ್ಷ ದುಡಿದು, ಈಗ ಊರಿನಲ್ಲಿ ತೋಟ ನೋಡಿಕೊಂಡಿರುವ ಅವರ ವಾದದ ಸಾರ ಇಷ್ಟು: ನಮಗೆ ಬೇಕಾದ ಕಚ್ಚಾತೈಲದಲ್ಲಿ ನೂರಕ್ಕೆ ಎಂಬತ್ತೈದು ಪಾಲಿಗೂ ಹೆಚ್ಚು ಹೊರಗಿನಿಂದ ಬರುತ್ತದೆ, ಕೊಲ್ಲಿ ದೇಶಗಳ ತೈಲ ಹಡಗುಗಳು ದಾಟಿ ಬರುವ ಹಾರ್ಮುಜ್ ಜಲಸಂಧಿ ಒಂದು ತಿಂಗಳು ಮುಚ್ಚಿದರೆ ನಮ್ಮ ಗತಿ ಏನು? ಜಪಾನಿನವರಂತೆ ನಾವೂ ತಿಂಗಳುಗಟ್ಟಲೆಯ ದಾಸ್ತಾನು ಮಾಡಿಕೊಳ್ಳಬೇಕು. ನೆಲದಡಿಯ ಗುಹೆಗಳಲ್ಲಿ ಕಚ್ಚಾತೈಲ ಕೂಡಿಡುವ ಪಾದೂರಿನ ಯೋಜನೆಯ ಎರಡನೆಯ ಹಂತಕ್ಕೆ ಅಡ್ಡಗಾಲು ಹಾಕುವವರಿಗೆ ದೇಶದ ಚಿಂತೆ ಇಲ್ಲ. ಇದನ್ನು ನಿಮ್ಮ ಪತ್ರಿಕೆಯಾದರೂ ಗಟ್ಟಿಯಾಗಿ ಹೇಳಬಾರದೇ? ಕೊನೆಯ ಪುಟದ ಅಂಚಿನಲ್ಲಿ, ಬೇರೆ ಶಾಯಿಯಲ್ಲಿ, ಇನ್ನೂ ಎರಡು ಸಾಲುಗಳಿವೆ. ಅವುಗಳ ವಿಷಯಕ್ಕೆ ಆಮೇಲೆ ಬರುತ್ತೇನೆ.

ಮಾನ್ಯರೇ,

ದಾಸ್ತಾನು ಬೇಕು ಎಂಬುದರಲ್ಲಿ ನನಗೆ ತಕರಾರಿಲ್ಲ. ವಿಶಾಖಪಟ್ಟಣ, ಮಂಗಳೂರು ಮತ್ತು ನಿಮ್ಮ ಪಾದೂರಿನ ಮೂರೂ ಗುಹೆಗಳನ್ನು ಸೇರಿಸಿದರೆ 53.3 ಲಕ್ಷ ಟನ್ ಹಿಡಿಯುತ್ತವೆ. ಬಾಯಿಮಟ್ಟ ತುಂಬಿದರೂ ಅದು ದೇಶಕ್ಕೆ ಒಂಬತ್ತೂವರೆ ದಿನದ ಎಣ್ಣೆ. ತೈಲ ಕಂಪನಿಗಳ ಟ್ಯಾಂಕುಗಳಲ್ಲಿ ಇರುವುದನ್ನೂ ಕೂಡಿಸಿ ಸರ್ಕಾರ ಹೇಳುವ ಲೆಕ್ಕ 74 ದಿನ. 2020ರ ಏಪ್ರಿಲ್–ಮೇ ತಿಂಗಳಲ್ಲಿ ಜಗತ್ತೇ ಬಾಗಿಲು ಹಾಕಿಕೊಂಡು ತೈಲದ ಬೆಲೆ ಕುಸಿದಿದ್ದಾಗ, ಬ್ಯಾರೆಲ್ಲಿಗೆ ಸರಾಸರಿ 19 ಡಾಲರಿನಂತೆ ಈ ಗುಹೆಗಳನ್ನು ತುಂಬಿಸಿಕೊಂಡದ್ದು ಜಾಣ ವ್ಯಾಪಾರವೆಂದು ಆಗಲೇ ಬರೆದಿದ್ದೆ, ಈಗಲೂ ಹೇಳುತ್ತೇನೆ. ಆದರೆ ಆ ಗುಹೆ ಕೆಲಸ ಮಾಡುವ ಬಗೆ ನಿಮಗೆ ಗೊತ್ತಿರುತ್ತದೆ. ಸುತ್ತಲಿನ ಬಂಡೆಯ ಬಿರುಕುಗಳಲ್ಲಿ ತುಂಬಿರುವ ನೀರಿನ ಒತ್ತಡವೇ ಎಣ್ಣೆ ಹೊರಗೆ ಜಿನುಗದಂತೆ ಹಿಡಿದಿಡುತ್ತದೆ. ಅದೇ ಅಂತರ್ಜಲವನ್ನು ನಂಬಿ ಬಾವಿ ತೋಡಿಕೊಂಡವರು, ಅದರ ಮೇಲಿನ ಜಮೀನನ್ನು ಬಿಟ್ಟುಕೊಡಬೇಕಾದವರು ನಾಲ್ಕು ಪ್ರಶ್ನೆ ಕೇಳಿದರೆ, ಅವರಿಗೆ ದೇಶದ ಚಿಂತೆ ಇಲ್ಲವೆಂದು ಷರಾ ಬರೆಯುವುದು ನಿಮ್ಮಂಥವರಿಗೆ ತಕ್ಕುದಲ್ಲ.

ಇನ್ನು ನನ್ನ ಮಾತು. ಗುಹೆ ನಮಗೆ ಕೊಡುವುದು ದಿನಗಳನ್ನು ಮಾತ್ರ. ಒಳಗಿರುವ ಎಣ್ಣೆಯೂ ಡಾಲರ್ ತೆತ್ತು ತಂದದ್ದೇ, ಖಾಲಿಯಾದ ಮೇಲೆ ಮತ್ತೆ ತುಂಬಿಸಲಿಕ್ಕೂ ಡಾಲರೇ ಬೇಕು. 1990ರ ಆಗಸ್ಟಿನಲ್ಲಿ ಇರಾಕ್ ಕುವೈತಿನೊಳಗೆ ನುಗ್ಗಿದಾಗ ನಮಗೆ ತೈಲ ಸಿಗದೇ ಹೋಯಿತೆಂದಲ್ಲ. ಸಿಕ್ಕ ತೈಲಕ್ಕೆ ಕೊಡಲು ಹಣ ಇರಲಿಲ್ಲ. ಅದೊಂದೇ ಕಾರಣವಲ್ಲ, ಆದರೂ ಮರುವರ್ಷ ರಿಸರ್ವ್ ಬ್ಯಾಂಕ್ 47 ಟನ್ ಚಿನ್ನವನ್ನು ವಿಮಾನದಲ್ಲಿ ಹೊರದೇಶಕ್ಕೆ ಕಳುಹಿಸಿ ಅಡವಿಡಬೇಕಾಯಿತು. ಬೇಡಿಕೆ ಏರುತ್ತಲೇ ಇದ್ದರೆ ಗುಹೆಯನ್ನೂ ತೋಡುತ್ತಲೇ ಇರಬೇಕು. ಇಂದಿನ ಒಂಬತ್ತೂವರೆ ದಿನದ ಎಣ್ಣೆ ಬಳಕೆ ಇಮ್ಮಡಿಯಾದ ದಿನ ಐದು ದಿನಕ್ಕೂ ಸಾಲುವುದಿಲ್ಲ.

ನೀವು ಜಪಾನಿನ ಹೆಸರು ಹೇಳಿದಿರಿ, ಸಂತೋಷ. ಆದರೆ ಅರ್ಧ ಜಪಾನನ್ನು ಮಾತ್ರ ಹೇಳಿದಿರಿ. 1973ರಲ್ಲಿ ಆ ದೇಶ ಇಂದಿನ ನಮಗಿಂತ ವೇಗವಾಗಿ ಬೆಳೆಯುತ್ತಿತ್ತು, ಅದರ ತೈಲ ಹೆಚ್ಚುಕಡಿಮೆ ಪೂರ್ತಿಯಾಗಿ ಆಮದಿನದು. ಅಕ್ಟೋಬರಿನ ಅರಬ್–ಇಸ್ರೇಲ್ ಯುದ್ಧದ ಬೆನ್ನಿಗೇ 3 ಡಾಲರಿನ ಬ್ಯಾರೆಲ್ ಕೆಲವೇ ತಿಂಗಳಲ್ಲಿ 12 ಡಾಲರ್ ಮುಟ್ಟಿದಾಗ, ಒಸಾಕಾದ ಗೃಹಿಣಿಯರು ಟಾಯ್ಲೆಟ್ ಪೇಪರ್ ಮುಗಿದುಹೋಗುತ್ತದೆಂಬ ಗಾಳಿಸುದ್ದಿಗೆ ಅಂಗಡಿಗಳ ಮುಂದೆ ಮುಗಿಬಿದ್ದರು. ಆಮೇಲೆ ಅವರು ದಾಸ್ತಾನು ಮಾಡಿದ್ದು ನಿಜ. ಅದರ ಜೊತೆಗೇ 1979ರಲ್ಲಿ ಇಂಧನ ಉಳಿತಾಯಕ್ಕೊಂದು ಕಾನೂನು ತಂದು, ಹೆಚ್ಚು ಇಂಧನ ಸುಡುವ ಪ್ರತಿ ಕಾರ್ಖಾನೆಯೂ ಅದರ ಲೆಕ್ಕ ನೋಡಲೆಂದೇ ಪರೀಕ್ಷೆ ಪಾಸಾದ ಒಬ್ಬ ವ್ಯವಸ್ಥಾಪಕನನ್ನು ಇಟ್ಟುಕೊಳ್ಳಬೇಕೆಂದು ವಿಧಿಸಿದರು. ಕಚೇರಿಗಳಲ್ಲಿ ಎಸಿ ತಗ್ಗಿಸಲೆಂದು ಪ್ರಧಾನಿ ಓಹಿರಾ ಸ್ವತಃ ಅರ್ಧ ತೋಳಿನ ಸೂಟು ತೊಟ್ಟು ನಿಂತರು. ಸೂಟು ಯಾರಿಗೂ ಹಿಡಿಸಲಿಲ್ಲ, ಕಾನೂನು ಉಳಿಯಿತು. ನಮ್ಮಲ್ಲಿ ಅಂಥ ಕಾಯಿದೆ ಬಂದದ್ದು 2001ರಲ್ಲಿ.

ಈ ಮಾತಿಗೆ ಟೋಕಿಯೋವರೆಗೆ ಹೋಗಬೇಕಾಗಿಯೂ ಇಲ್ಲ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿದ್ದ ಅಮೂಲ್ಯ ರೆಡ್ಡಿಯವರು ಇದನ್ನು ನಮ್ಮ ರಾಜ್ಯದ ಲೆಕ್ಕದಲ್ಲೇ ತೋರಿಸಿಕೊಟ್ಟಿದ್ದರು. 1987ರಲ್ಲಿ ಸರ್ಕಾರಿ ಸಮಿತಿಯೊಂದು, 2000ನೇ ಇಸವಿಗೆ ಕರ್ನಾಟಕಕ್ಕೆ ಬೇಕಾಗುವ ವಿದ್ಯುತ್ತನ್ನು ಅಂದಾಜು ಮಾಡಿ ಉದ್ದನೆಯ ಯೋಜನೆಗಳ ಪಟ್ಟಿಯನ್ನು ಮುಂದಿಟ್ಟಿತು. ರೆಡ್ಡಿ ಮತ್ತು ಸಂಗಡಿಗರು ಕೇಳಿದ ಪ್ರಶ್ನೆಯೇ ಬೇರೆ. ಜನರಿಗೆ ಬೇಕಾಗಿರುವುದು ಕಿಲೋವ್ಯಾಟೋ, ಅಥವಾ ಬೆಳಕು, ಬಿಸಿನೀರು, ಗದ್ದೆಗೆ ನೀರೋ? ಬುರುಡೆ ಬಲ್ಬು ಹೋಗಿ ಒಳ್ಳೆಯ ದೀಪ ಬಂದರೆ, ಗೀಸರಿನ ಬದಲು ಚಾವಣಿಯ ಬಿಸಿಲು ನೀರು ಕಾಯಿಸಿದರೆ, ಪಂಪ್‌ಸೆಟ್ಟುಗಳನ್ನು ಸರಿಪಡಿಸಿದರೆ, ಸಮಿತಿ ಹೇಳಿದ್ದರ ಅರ್ಧಕ್ಕಿಂತ ಕಡಿಮೆ ವಿದ್ಯುತ್ತಿನಲ್ಲಿ, ಕತ್ತಲೆಯ ಮನೆಗಳಿಗೂ ಸಂಪರ್ಕ ಕೊಟ್ಟು, ಕೆಲಸ ಸಾಗುತ್ತದೆಂದು ಅವರು ಲೆಕ್ಕ ಬಿಡಿಸಿಟ್ಟರು. ಅವರು ತೀರಿಕೊಂಡದ್ದು 2006ರಲ್ಲಿ. ಮರುವರ್ಷ ರಾಜ್ಯ ಸೋಲಾರ್ ವಾಟರ್ ಹೀಟರನ್ನು ಹಲವು ಬಗೆಯ ಕಟ್ಟಡಗಳಿಗೆ ಕಡ್ಡಾಯ ಮಾಡಿತು. 2015ರಲ್ಲಿ ಎಲ್‌ಇಡಿ ಬಲ್ಬುಗಳ ಹಂಚಿಕೆ ಶುರುವಾಯಿತು, ದೇಶದಲ್ಲಿ ಈಗ ಅವುಗಳ ಸಂಖ್ಯೆ 36 ಕೋಟಿ ದಾಟಿದೆ. ಇವೆರಡೂ ಅವರ ಕಾಗದದಲ್ಲಿ ಎಂದೋ ಇದ್ದ ಬಾಬತ್ತುಗಳು, ದೀಪದ ಬಗೆಯಷ್ಟೇ ಬೇರೆ.

ಬಲ್ಬಿಗೂ ಹಾರ್ಮುಜ್‌ಗೂ ಏನು ಸಂಬಂಧ ಎಂದು ನೀವು ಕೇಳಬಹುದು. ಪಾದೂರಿಗೆ ಹತ್ತಿರದಲ್ಲೇ ಎಲ್ಲೂರಿನ 1200 ಮೆಗಾವ್ಯಾಟ್ ಉಷ್ಣಸ್ಥಾವರದ ಚಿಮಣಿ ಇದೆಯಲ್ಲ, ಅದನ್ನು ಕಟ್ಟಿದ್ದೇ ಆಮದು ಕಲ್ಲಿದ್ದಲನ್ನು ನೆಚ್ಚಿಕೊಂಡು, ಆ ಕಲ್ಲಿದ್ದಲು ಇಳಿಯುವುದು ಪಣಂಬೂರಿನ ಬಂದರಿನಲ್ಲಿ. ತೈಲ ಬಾರದಿದ್ದರೆ ಲಾರಿ ನಿಲ್ಲುತ್ತದೆ, ಕಲ್ಲಿದ್ದಲು ಬಾರದಿದ್ದರೆ ಫ್ಯಾನು ನಿಲ್ಲುತ್ತದೆ. ಎರಡೂ ಕಡಲು ದಾಟಿ ಬರಬೇಕಾದ ಸರಕೇ.

ನನ್ನ ಸಂಕಟವೆಂದರೆ, ಉಳಿಸಿದ ಇಂಧನಕ್ಕೆ ಶಿಲಾನ್ಯಾಸವಿಲ್ಲ. ಅದಕ್ಕೆ ಟೇಪು ಕತ್ತರಿಸಲು ಬರುವ ಮಂತ್ರಿಯಿಲ್ಲ, ಫೋಟೊ ಹಿಡಿಯಲು ಬರುವ ನಮ್ಮವರೂ ಇಲ್ಲ. ಈ ಪತ್ರಿಕೆಯ ಹಳೆಯ ಸಂಚಿಕೆಗಳನ್ನು ತಿರುವಿ ಹಾಕಿದೆ. ಅಣೆಕಟ್ಟು, ಸ್ಥಾವರ, ಸೋಲಾರ್ ಪಾರ್ಕು ಮುಖಪುಟಕ್ಕೆ ಬಂದಿವೆ. ಉಳಿತಾಯ ಒಮ್ಮೆಯೂ ಬಂದಿಲ್ಲ. ತಪ್ಪು ನನ್ನದೂ ಹೌದು. ಕಳೆದ ಮಳೆಗಾಲದಲ್ಲಿ ಶಿರಾಡಿ ಘಾಟಿಯಲ್ಲಿ ಎರಡು ತಾಸು ಸಿಕ್ಕಿಹಾಕಿಕೊಂಡಿದ್ದೆ. ನನ್ನ ಬಸ್ಸಿನ ಮುಂದೆ ಗ್ಯಾಸಿನ ಬುಲೆಟ್ ಟ್ಯಾಂಕರ್, ಅದರ ಮುಂದೆ ಸಿಮೆಂಟ್ ಲಾರಿ, ತಿರುವಿನಾಚೆಗೂ ಲಾರಿಗಳೇ. ಎಲ್ಲರೂ ಎಂಜಿನ್ ಚಾಲೂ ಇಟ್ಟು ಕೂತಿದ್ದೆವು. ನಾವು ಆಮದು ಮಾಡಿಕೊಳ್ಳುವ ಅನಿಲವನ್ನು ಆಮದು ಕಚ್ಚಾತೈಲದಿಂದ ತೆಗೆದ ಡೀಸೆಲಿನಿಂದ, ಒಂದಿಂಚೂ ಮುಂದಕ್ಕೆ ಹೋಗದೆ, ಸಾಗಿಸುತ್ತಿದ್ದೆವು. ಸ್ವಾತಂತ್ರ್ಯ ಬಂದ ಹೊಸದರಲ್ಲಿ ದೇಶದ ಸರಕಿನಲ್ಲಿ ಹತ್ತಕ್ಕೆ ಎಂಟು ಪಾಲು ರೈಲು ಹತ್ತುತ್ತಿತ್ತು. ಇಂದು ಮೂರಕ್ಕೆ ಒಂದು ಪಾಲೂ ಇಲ್ಲ. ಬೆಂಗಳೂರಿನಲ್ಲಂತೂ ಫ್ಯಾನೇ ಬೇಡದಿದ್ದ ಊರಿನಲ್ಲಿ ಕಿಟಕಿ ತೆರೆಯಲಾಗದ ಗಾಜಿನ ಗೋಪುರಗಳನ್ನು ಕಟ್ಟಿ, ಹಗಲಿಡೀ ಎಸಿ ಓಡಿಸಿ, ಅದನ್ನೇ ಪ್ರಗತಿಯೆಂದು ಕರೆದುಕೊಂಡೆವು.

ನಿಮಗಿಂತ ಚೆನ್ನಾಗಿ ಇದನ್ನು ಬಲ್ಲವರಾರು? ತೈಲ ತುಟ್ಟಿಯಾದಾಗ ಹಡಗಿನ ಮಾಲೀಕರು ಮೊದಲು ಮಾಡುತ್ತಿದ್ದದ್ದು ದೊಡ್ಡ ಟ್ಯಾಂಕು ಕಟ್ಟಿಸುವ ಕೆಲಸವಲ್ಲ, ವೇಗ ತಗ್ಗಿಸಿರೆಂದು ಕ್ಯಾಪ್ಟನ್ನನಿಗೆ ತಂತಿ ಕಳುಹಿಸುವ ಕೆಲಸ. ವೇಗ ಹತ್ತನೇ ಒಂದು ಪಾಲು ಇಳಿದರೆ ಎಂಜಿನ್ ಹೊರಬೇಕಾದ ಹೊರೆ ಕಾಲು ಪಾಲಿಗೂ ಹೆಚ್ಚು ಇಳಿಯುತ್ತದೆಂಬುದು ಎಂಜಿನ್ ಕೋಣೆಯವರಿಗೆ ಮಗ್ಗಿಯಿದ್ದಂತೆ.

ಅಂಚಿನ ಎರಡು ಸಾಲಿಗೆ ಬರುತ್ತೇನೆ. ನೀವು ಬರೆದದ್ದು ಇದು: 'ತೋಟದ 5 ಎಚ್‌ಪಿ ಪಂಪು ತೆಗೆದು 3 ಎಚ್‌ಪಿ ಹಾಕಿಸಿದೆ, ಕಿರಿದಾದ ಹಳೇ ಪೈಪು ಬದಲಾಯಿಸಿ ಮೂರು ಬೆಂಡು ಕಡಿಮೆ ಮಾಡಿಸಿದೆ. ನೀರು ಮೊದಲಿನಷ್ಟೇ ಹೊತ್ತಿಗೆ ಕೊನೆಯ ತೆಂಗಿನ ಬುಡ ಮುಟ್ಟುತ್ತದೆ.' ಹತ್ತು ಎಚ್‌ಪಿವರೆಗಿನ ನೀರಾವರಿ ಪಂಪಿಗೆ ರಾಜ್ಯದಲ್ಲಿ ವಿದ್ಯುತ್ ಉಚಿತ. ಹಾಗಾಗಿ ಇದರಿಂದ ನಿಮಗೆ ಒಂದು ರೂಪಾಯಿಯೂ ಉಳಿದಿಲ್ಲ, ಪೈಪಿನ ಖರ್ಚು ಮೈಮೇಲೆ ಬಂತು. ರೈತರ ಉಚಿತ ವಿದ್ಯುತ್ತನ್ನು ಕಿತ್ತುಕೊಳ್ಳಿ ಎಂದು ನಾನು ಹೇಳುವುದಿಲ್ಲ, ಹೇಳಿದರೆ ಊರಿಗೆ ಹೋಗುವಂತಿಲ್ಲ. ಆದರೆ ಆ ಸಬ್ಸಿಡಿಯ ಒಂದು ಚೂರು, ನೀವು ಕೈಯಿಂದ ತೆತ್ತ ಆ ಪೈಪಿಗೆ ಯಾಕೆ ಬರಬಾರದು ಎಂದು ಕೇಳುವವರೂ ಇಲ್ಲವಲ್ಲ.

ಪಾದೂರಿನ ಬಗ್ಗೆ ಲೇಖನ ಬರೆಸುತ್ತೇನೆ, ಜಮೀನಿನವರ ಮಾತೂ ಅದರಲ್ಲಿರುತ್ತದೆ. ನೀವು ದಯವಿಟ್ಟು ಪಂಪಿನ ವಿಷಯವನ್ನು ಅಂಚಿನಿಂದ ಬಿಡಿಸಿ ಪೂರ್ತಿ ಬರೆದು ಕಳುಹಿಸಿ. ಬಾವಿಯ ಆಳ, ಹಳೆಯ ಮತ್ತು ಹೊಸ ಪೈಪಿನ ಅಳತೆ, ಎಷ್ಟು ಖರ್ಚಾಯಿತು, ಫಿಟ್ಟರ್ ಏನೆಂದು ಗೊಣಗಿದ, ಎಲ್ಲವೂ ಇರಲಿ. ತೋಟದ ಫೋಟೊ ಒಂದು ಜೊತೆಗಿದ್ದರೆ ಮುಖಪುಟಕ್ಕೆ ಹಾಕುತ್ತೇನೆ.

— ಸಂಪಾದಕ