ಬಾಗಿದ ಬೋರ್ಡು, ಉದುರಿದ ಮುಚ್ಚಳ, ಅಳಿಸಿಹೋದ ಟಿಕೆಟ್ಟು

ಮೇಡಂ, ನಿಮ್ಮ ಕೊಲಾಜಿನ (ಬಿಡಿ ವಸ್ತುಗಳನ್ನು ಅಂಟಿಸಿ ಮಾಡೋ ಕಲಾಕೃತಿ) ಫೋಟೋ ನೋಡಿದೆ. ಬೋರ್ಡು ಬಾಗಿದೆ, ಮುಚ್ಚಳ ಉದುರಿದೆ, ಟಿಕೆಟ್ಟಿನ ಅಕ್ಷರ ಅಳಿಸಿಹೋಗಿದೆ, ಏನು ಮಾಡಲಿ ಅಂತ ಕೇಳಿದ್ದೀರಿ. 12×18 ಇಂಚಿನ ಮೌಂಟ್ ಬೋರ್ಡಿಗೆ (ದಪ್ಪ ರಟ್ಟು) ಹಳೇ ನ್ಯೂಸ್‌ಪೇಪರು, ಬಸ್ ಟಿಕೆಟ್ಟು, ಸೋಡಾ ಮುಚ್ಚಳ ಎಲ್ಲವನ್ನೂ ಫೆವಿಕಾಲಿನಲ್ಲೇ ಅಂಟಿಸಿದ್ದೀರಿ. ಬೋರ್ಡು ದೋಣಿಯಂತೆ ಬಾಗಿದ್ದಕ್ಕೂ ಮುಚ್ಚಳ ಉದುರಿದ್ದಕ್ಕೂ ಕಾರಣ ಅಂಟಿನೊಳಗಿನ ನೀರು. ಟಿಕೆಟ್ಟಿನ ಸಮಸ್ಯೆ ಬೇರೆ.

ಕಾಗದ ನೀರು ಕುಡಿದು ಹಿಗ್ಗುತ್ತೆ, ಒಣಗುವಾಗ ಕುಗ್ಗಿ ಬೋರ್ಡನ್ನು ತನ್ನ ಕಡೆಗೆ ಎಳೆಯುತ್ತೆ. ಹಿಂದಿನಿಂದ ಎದುರೆಳೆಯೋಕೆ ಏನೂ ಇಲ್ಲ. ಅದಕ್ಕೇ ಹಿಂಬದಿಗೂ ಅದೇ ಅಂಟಿನಲ್ಲಿ ಒಂದು ಪದರ ಕಾಗದ ಹಾಕಬೇಕು. ಅದರ ಎಳೆ, ಅಂದರೆ ಕಾಗದದ ನಾರು ಸಾಲಾಗಿ ಓಡುವ ದಿಕ್ಕು, ಮುಂದಿನ ದೊಡ್ಡ ತುಂಡುಗಳ ಎಳೆಯ ದಿಕ್ಕಿಗೇ ಇರಲಿ. ಪೇಪರನ್ನು ಉದ್ದಕ್ಕೊಮ್ಮೆ, ಅಡ್ಡಕ್ಕೊಮ್ಮೆ ಹರಿದು ನೋಡಿ, ಸರಾಗವಾಗಿ ನೇರ ಹರಿದು ಬಂದದ್ದೇ ಎಳೆಯ ದಿಕ್ಕು. ಈಗ ಬಾಗಿರೋ ಬೋರ್ಡಿಗೂ ಹೀಗೆ ಮಾಡಿ, ಬಟರ್ ಪೇಪರ್ ಇಟ್ಟು ಒಂದೆರಡು ದಿನ ಭಾರ ಹೇರಿ. ಪೂರ್ತಿ ಅಲ್ಲದಿದ್ದರೂ ಬಹಳಷ್ಟು ನೇರವಾಗುತ್ತೆ. ಮುಂದಿನದಕ್ಕೆ ಮೌಂಟ್ ಬೋರ್ಡ್ ಬಿಡಿ, 6 ಎಂ.ಎಂ. ಪ್ಲೈವುಡ್ ತಗೊಳ್ಳಿ. ಅಂಚೂ ಬಿಡದೆ ಎಲ್ಲಾ ಕಡೆ ಎರಡು ಕೋಟ್ ಪ್ರೈಮರ್ ಹೊಡೆಯಿರಿ.

ಕಾಗದ ಸುಕ್ಕಾಗದಿರೋಕೆ: ಮೂರು ಪಾಲು ಫೆವಿಕಾಲಿಗೆ ಒಂದು ಪಾಲು ನೀರು, ಅದಕ್ಕಿಂತ ತೆಳು ಬೇಡ. ಕಾಗದದ ಬೆನ್ನಿಗೆ ಸವರಿ ಒಂದೆರಡು ನಿಮಿಷ ಬಿಡಿ, ಹಿಗ್ಗೋದೆಲ್ಲ ಹಿಗ್ಗಲಿ. ಆಮೇಲೆ ಅಂಟಿಸಿ, ಹಳೇ ಎ.ಟಿ.ಎಂ. ಕಾರ್ಡಿನಿಂದ ನಡುವಿನಿಂದ ಅಂಚಿಗೆ ಒತ್ತುತ್ತಾ ಬನ್ನಿ. ಗುಳ್ಳೆ ಉಳಿದರೆ ಸೂಜಿ ಚುಚ್ಚಿ ಒತ್ತಿದರಾಯ್ತು. ಮೈದಾ ಅಂಟೂ ಚೆನ್ನಾಗಿ ಹಿಡಿಯುತ್ತೆ, ಆದರೆ ಜಿರಳೆಗೆ ಊಟ ಬಡಿಸಿದ ಹಾಗೆ.

ಮುಚ್ಚಳಕ್ಕೆ ಫೆವಿಕಾಲ್ ಆಗಲ್ಲ. ಅದು ಗಟ್ಟಿಯಾಗೋದು ನೀರು ಹೊರಹೋದಾಗ; ತಗಡು ನೀರು ಹೀರಲ್ಲ. ಮೇಲಾಗಿ ಮುಚ್ಚಳದ ಹಲ್ಲಿನ ತುದಿ ಮಾತ್ರ ಬೋರ್ಡಿಗೆ ತಾಗುತ್ತೆ. ಆ ತುದಿಯನ್ನು ಉಪ್ಪುಕಾಗದದಲ್ಲಿ ಉಜ್ಜಿ, ಅರಾಲ್ಡೈಟ್ ಎಪಾಕ್ಸಿ ಅಂಟಿನ ಎರಡೂ ಟ್ಯೂಬಿನಿಂದ ಸಮ ತೆಗೆದು ಕಲಸಿ ಹಚ್ಚಿ, ರಾತ್ರಿಯಿಡೀ ಅಲುಗಾಡಿಸಬೇಡಿ. ಪ್ಲೈವುಡ್ ಆದರೆ ಇನ್ನೂ ಒಳ್ಳೇ ದಾರಿಯಿದೆ: ಮುಚ್ಚಳಕ್ಕೂ ಬೋರ್ಡಿಗೂ ಎರಡೆರಡು ಸಣ್ಣ ತೂತು ಕೊರೆದು, ತೆಳು ತಾಮ್ರದ ತಂತಿ ಪೋಣಿಸಿ ಹಿಂದೆ ತಿರುಚಿ. ಭಾರದ ಯಾವ ವಸ್ತುವಿಗೂ ನನ್ನ ಓಟು ತಂತಿಗೇ. ತುಕ್ಕು ಹಿಡಿದ ಮೊಳೆ, ತಗಡು ಸೇರಿಸೋದಾದರೆ ಮೊದಲು ಬ್ರಷ್‌ನಿಂದ ಉಜ್ಜಿ, ಲ್ಯಾಕರ್ ಸ್ಪ್ರೇ ಹೊಡೆದು ಒಣಗಿಸಿ. ಇಲ್ಲದಿದ್ದರೆ ಒದ್ದೆ ಅಂಟಿನ ಜೊತೆ ತುಕ್ಕಿನ ಕಲೆ ಪಕ್ಕದ ಕಾಗದಕ್ಕೂ ಹರಡುತ್ತೆ.

ಟಿಕೆಟ್ಟಿಗೆ ಬರೋಣ. 1919ರ ಹೊತ್ತಿಗೆ ಜರ್ಮನಿಯ ಕಲಾವಿದ ಕರ್ಟ್ ಶ್ವಿಟರ್ಸ್ ತನ್ನ ಕೊಲಾಜ್‌ಗಳಲ್ಲಿ ಬಳಸುತ್ತಿದ್ದ ಟ್ರಾಮ್ ಟಿಕೆಟ್‌ಗಳು ಶಾಯಿಯಲ್ಲಿ ಅಚ್ಚಾದವು, ಉಳಿದುಕೊಂಡಿವೆ. ಆದರೆ ಈಗ ಕಂಡಕ್ಟರ್ ಮೆಷಿನ್ನಿನಿಂದ ಬರೋದು ಬಿಸಿ ತಾಗಿ ಕಪ್ಪಾಗುವ ಥರ್ಮಲ್ ಕಾಗದ, ಅದರಲ್ಲಿ ಶಾಯಿಯೇ ಇಲ್ಲ. ಬೆಳಕು, ಎಣ್ಣೆ ಕೈ, ಕೆಲವು ಅಂಟು, ಯಾವುದು ತಾಗಿದರೂ ಮಾಸುತ್ತೆ. ಇಸ್ತ್ರಿ ಇಟ್ಟರೆ ಇಡೀ ಕಾಗದ ಕಪ್ಪು. ಮಾಸಿದ್ದು ಸಾಮಾನ್ಯವಾಗಿ ವಾಪಸ್ ಬರಲ್ಲ. ಹೊಸ ಟಿಕೆಟ್ಟನ್ನು ಅಂದೇ ಲೇಸರ್ ಜೆರಾಕ್ಸ್ ಮಾಡಿಸಿ, ಆ ಪ್ರತಿಯನ್ನು ಅಂಟಿಸಿ. ಇಂಕ್‌ಜೆಟ್ ಪ್ರಿಂಟ್ ಬೇಡ, ಒದ್ದೆಯಾದರೆ ಬಣ್ಣ ಹರಿಯುತ್ತೆ.

ನ್ಯೂಸ್‌ಪೇಪರ್ ಹಳದಿಯಾಗೋದನ್ನು ವಾರ್ನಿಷ್ ತಡೆಯಲ್ಲ, ದೋಷ ಕಾಗದದ ತಿರುಳಿನಲ್ಲೇ ಇದೆ. ಬಿಸಿಲು ಬೀಳದ ಗೋಡೆಗೆ ಹಾಕಿ.